ಮೂಳೆ, ಬೆನ್ನಿನ ಸ್ಕ್ರೀನಿಂಗ್ ಕೋಡಿಂಗ್: ಎರರ್ ಬಾರದ ಹಾಗೆ ಎಂತ ಮಾಡುವುದು?

ಪೆರ್ಲದಿಂದ ಪ್ರಶ್ನೆ:
ಕಾಸರಗೋಡು ಕಡೆಯ ಕೋಡರುಗಳು ಯಾರಾದರೂ ಇದ್ದರೆ ಸ್ವಲ್ಪ ಹೇಳಿ. ಅಮೆರಿಕದ ಔಟ್‌ಪೇಶೆಂಟ್ ಚಾರ್ಟುಗಳನ್ನು ಮನೆಯಿಂದಲೇ ಕೋಡ್ ಮಾಡುವ (ರೋಗ, ಪರೀಕ್ಷೆಗಳಿಗೆ ಬಿಲ್ಲಿನ ಸಂಕೇತ ಹಾಕುವ) ಕೆಲಸ, ಹೊಸತು. ಡೆಕ್ಸಾ ಸ್ಕ್ಯಾನ್ (ಮೂಳೆ ಸಾಂದ್ರತೆ ಅಳೆಯುವ ಎಕ್ಸ್‌ರೇ) ಮತ್ತು ಮಕ್ಕಳ ಬೆನ್ನಿನ ತಪಾಸಣೆ, ಇವೆರಡರಲ್ಲೇ ಆಡಿಟ್‌ನವರು ಹೆಚ್ಚು ಎರರ್ ಹಾಕ್ತಾರೆ. ರೋಗ, ಭೇಟಿಯ ಕಾರಣದ ಕೋಡ್ ಪಟ್ಟಿ ಐಸಿಡಿ-10-ಸಿಎಂನಲ್ಲಿ ಸ್ಕ್ರೀನಿಂಗ್‌ಗೆ ಇರುವ ಝಡ್ 13.820 ಎಲ್ಲಿ, ಝಡ್ 13.828 ಎಲ್ಲಿ? ರಿಪೋರ್ಟಿನಲ್ಲಿ ರೋಗ ಸಿಕ್ಕಿದರೆ ಸ್ಕ್ರೀನಿಂಗ್ ಕೋಡ್ ತೆಗೆಯಬೇಕಾ?

ಕುಂಬಳೆಯಿಂದ:
820 ಆಸ್ಟಿಯೋಪೊರೋಸಿಸ್‌ಗೆ (ಮೂಳೆ ಟೊಳ್ಳಾಗುವ ರೋಗ) ಮಾತ್ರ. 828 ಉಳಿದ ಮೂಳೆ, ಸ್ನಾಯು, ಕೀಲಿನ ಸ್ಕ್ರೀನಿಂಗ್‌ಗೆ. ಇದು ಸುಲಭದ ಭಾಗ. ಎರರ್ ಬರುವುದು ಬೇರೆ ಕಡೆ. ಡಾಕ್ಟರು ಆ ಪರೀಕ್ಷೆ ಬರೆದದ್ದು ಯಾಕೆ ಅಂತ ಮೊದಲು ಓದಿ, ರಿಪೋರ್ಟ್ ಆಮೇಲೆ ತೆರೆಯಿರಿ. ಯಾವ ಲಕ್ಷಣವೂ ಇಲ್ಲದವರಿಗೆ ಮಾಡಿದರೆ ಸ್ಕ್ರೀನಿಂಗ್. ಸೊಂಟ ನೋವು, ಎತ್ತರ ಕಡಿಮೆಯಾದದ್ದು, ಎಕ್ಸ್‌ರೇಯಲ್ಲಿ ಕಂಡ ಸಂಶಯ, ಇಂಥದ್ದು ಆರ್ಡರಿನಲ್ಲಿದ್ದರೆ ಅದು ರೋಗ ಪತ್ತೆಯ ಪರೀಕ್ಷೆ. ಆಗ ಲಕ್ಷಣದ ಕೋಡ್ ಹೋಗಬೇಕು, ಝಡ್ 13 ಅಲ್ಲ. ಮೊದಲೇ ಆಸ್ಟಿಯೋಪೊರೋಸಿಸ್ ಇದ್ದು, ಔಷಧಿ ಕೆಲಸ ಮಾಡ್ತದಾ ಅಂತ ನೋಡಲು ಮಾಡಿಸಿದ ಡೆಕ್ಸಾ ಕೂಡ ಸ್ಕ್ರೀನಿಂಗ್ ಅಲ್ಲ. ಅಲ್ಲಿ ಎಂ 81.0 (ಮುರಿತ ಇಲ್ಲದ ಆಸ್ಟಿಯೋಪೊರೋಸಿಸ್), ಬಿಸ್ಫಾಸ್ಫೊನೇಟ್ ಎಂಬ ಮೂಳೆಯ ಗುಳಿಗೆ ನಡೀತಾ ಇದ್ದರೆ ಜೊತೆಗೆ ಝಡ್ 79.83.

ಸಿಪಿಟಿಯಲ್ಲಿ (ಮಾಡಿದ ಪರೀಕ್ಷೆ, ಚಿಕಿತ್ಸೆಯ ಕೋಡ್ ಪಟ್ಟಿ) ಬೆನ್ನುಮೂಳೆ, ಸೊಂಟದ ಡೆಕ್ಸಾಕ್ಕೆ 77080. ಮುಂಗೈ, ಮಣಿಕಟ್ಟು, ಹಿಮ್ಮಡಿಗೆ 77081. ಡೆಕ್ಸಾದ ಜೊತೆಗೇ ಕಶೇರುಕ ಮುರಿತದ ಪರಿಶೀಲನೆಯನ್ನೂ ಮಾಡಿದರೆ 77085 ಒಂದೇ ಸಾಕು, ಅದರ ಮೇಲೆ 77080 ಪುನಃ ಹಾಕಬೇಡಿ. ಯಂತ್ರ ಆಸ್ಪತ್ರೆಯದ್ದು, ಡಾಕ್ಟರು ಬರೀ ರಿಪೋರ್ಟ್ ಓದಿದ್ದು ಅಂತಾದರೆ ಅವರ ಕ್ಲೇಮಿಗೆ ಮಾಡಿಫೈಯರ್ 26 (ಓದಿದ್ದಕ್ಕೆ ಮಾತ್ರ ಅಂತ ತೋರಿಸುವ ಸೇರ್ಪಡೆ).

ಉಪ್ಪಳದಿಂದ:
ರೋಗ ಸಿಕ್ಕಿದ ಮೇಲೆ ಝಡ್ ಕೋಡ್ ಎಂತಕ್ಕೆ? ಎಂ 81.0 ಒಂದೇ ಬರೆದರೆ ಆಯಿತಲ್ಲ.

ಬದಿಯಡ್ಕದಿಂದ:
ಇಲ್ಲ ಮಾರಾಯ್ರೆ, ಹಾಗೆ ಮಾಡಿದರೆ ಖಂಡಿತ ಎರರ್. ಬಂದದ್ದು ಸ್ಕ್ರೀನಿಂಗ್‌ಗೇ ಆದರೆ ಝಡ್ 13.820 ಮೊದಲನೆಯ ಸ್ಥಾನದಲ್ಲೇ ಇರ್ತದೆ, ಸಿಕ್ಕಿದ ರೋಗ ಎರಡನೆಯದು. ಐಸಿಡಿ-10-ಸಿಎಂ ಮಾರ್ಗಸೂಚಿಯ 21ನೇ ಅಧ್ಯಾಯದ ಭಾಗದಲ್ಲಿ ಸ್ಪಷ್ಟವಾಗಿ ಉಂಟು. ಝಡ್ ತೆಗೆದರೆ ಇನ್ಶೂರೆನ್ಸ್‌ನವರು ಅದನ್ನು ಪ್ರಿವೆಂಟಿವ್ ಅಂತ ನೋಡುವುದಿಲ್ಲ, ರೋಗಿಯ ಕೈಯಿಂದ ದುಡ್ಡು ಹೋಗ್ತದೆ. ಬೇರೆ ಕಾಯಿಲೆಗೆ ಬಂದಾಗ ನಡುವೆ ಸ್ಕ್ರೀನಿಂಗ್ ಆದರೆ ಮಾತ್ರ ಝಡ್ ಹಿಂದೆ ಬರುವುದು.

ಟಿ-ಸ್ಕೋರ್ (ಡೆಕ್ಸಾದಲ್ಲಿ ಸಿಗುವ ಮೂಳೆ ಸಾಂದ್ರತೆಯ ಅಂಕ) ನೋಡಿ ನೀವೇ ರೋಗ ಬರೆಯಬೇಡಿ. −2.5 ಅಥವಾ ಅದಕ್ಕಿಂತ ಕೆಳಗೆ ಇದ್ದರೆ ಆಸ್ಟಿಯೋಪೊರೋಸಿಸ್, −1.0ರಿಂದ −2.5ರ ನಡುವೆ ಆಸ್ಟಿಯೋಪೀನಿಯಾ ಅಂತ ನಮಗೆ ಗೊತ್ತಿದ್ದರೂ, ಆ ಮಾತು ಡಾಕ್ಟರದ್ದೇ ಆಗಬೇಕು. ರೇಡಿಯಾಲಜಿಸ್ಟ್ ಅಂತಿಮ ರಿಪೋರ್ಟಿನಲ್ಲಿ ಬರೆದಿದ್ದರೆ ಅದು ಸಾಕು. ಆದರೆ ‘ಇರಬಹುದು’, ‘ಸಂಶಯ’ ಅಂತ ಬರೆದದ್ದನ್ನು ಔಟ್‌ಪೇಶೆಂಟ್‌ನಲ್ಲಿ ಕೋಡ್ ಮಾಡುವ ಹಾಗಿಲ್ಲ.

ಆಸ್ಟಿಯೋಪೀನಿಯಾಕ್ಕೆ ಜಾಗ ಬೇಕು: ತೊಡೆಮೂಳೆಯ ಕತ್ತು ಬಲಗಡೆ ಆದರೆ ಎಂ 85.851, ಎಡಗಡೆ 85.852, ಬೆನ್ನುಮೂಳೆ 85.88, ಎರಡು ಕಡೆ ಇದ್ದರೆ 85.89. ಎಂ 81ಕ್ಕೆ ಜಾಗ ಇಲ್ಲ, ಅದು ಇಡೀ ಮೈಯ ರೋಗ. ಎಂ 80ರಲ್ಲಿ (ಮುರಿತ ಇರುವ ಆಸ್ಟಿಯೋಪೊರೋಸಿಸ್) ಕೇಳುವ ಜಾಗ ಮುರಿತದ್ದು. ಹಳೆಯ ಮುರಿತ ಗುಣವಾಗಿದ್ದರೆ ಎಂ 81.0 ಮತ್ತು ಝಡ್ 87.310, ಎಂ 80 ಬೇಡ.

ಮೆಡಿಕೇರ್ (ಅಮೆರಿಕದಲ್ಲಿ ಮುಖ್ಯವಾಗಿ ಹಿರಿಯರಿಗೆ ಇರುವ ಸರ್ಕಾರಿ ವಿಮೆ) ಕ್ಲೇಮಾದರೆ ಇನ್ನೊಂದು ಗಂಟು. ಅಲ್ಲಿ ಸ್ಕ್ರೀನಿಂಗ್ ಅಂದ ಮಾತ್ರಕ್ಕೆ ಅರ್ಹತೆ ಬರುವುದಿಲ್ಲ. ಈಸ್ಟ್ರೋಜನ್ ಕಡಿಮೆಯಾಗಿ ಅಪಾಯ ಇರುವ ಮಹಿಳೆ, ಕಶೇರುಕದಲ್ಲಿ ದೋಷ, ದಿನಕ್ಕೆ 5 ಮಿಲಿಗ್ರಾಂ ಅಥವಾ ಹೆಚ್ಚು ಪ್ರೆಡ್ನಿಸೋನ್ 3 ತಿಂಗಳಿಗಿಂತ ಹೆಚ್ಚು ಕಾಲ, ಪ್ರೈಮರಿ ಹೈಪರ್‌ಪ್ಯಾರಾಥೈರಾಯ್ಡಿಸಂ (ಪ್ಯಾರಾಥೈರಾಯ್ಡ್ ಗ್ರಂಥಿಯ ಅತಿ ಕೆಲಸ), ಇಲ್ಲವೇ ಔಷಧಿಯ ಪರಿಣಾಮ ನೋಡುವುದು: ಇವುಗಳಲ್ಲಿ ಒಂದು ಚಾರ್ಟಿನಲ್ಲಿ ಇರಲೇಬೇಕು, ಕೋಡ್‌ನಲ್ಲೂ ಕಾಣಬೇಕು. ಝಡ್ 78.0 (ಮುಟ್ಟು ನಿಂತದ್ದು), ಝಡ್ 79.52 (ದೀರ್ಘಕಾಲದ ಸ್ಟೀರಾಯ್ಡ್) ಇವನ್ನು ಜನ ಬಿಟ್ಟುಬಿಡ್ತಾರೆ. ಈ ಪರೀಕ್ಷೆ ‘ಎರಡು ವರ್ಷಕ್ಕೊಮ್ಮೆ’ ಎಂಬ ಮಿತಿಯನ್ನೂ ತಾರೀಕು ಹಿಡಿದು ಲೆಕ್ಕ ಹಾಕಬೇಡಿ. ಹಿಂದಿನ ಪರೀಕ್ಷೆಯ ತಿಂಗಳು ಬಿಟ್ಟು 23 ತಿಂಗಳು ಕಳೆಯಬೇಕು. 2023ರ ಮಾರ್ಚ್‌ನಲ್ಲಿ ಆಗಿದ್ದರೆ ಮುಂದಿನದ್ದು 2025ರ ಮಾರ್ಚ್ 1ರಿಂದ. ವೈದ್ಯಕೀಯ ಅಗತ್ಯ ಬರೆದಿದ್ದರೆ ಮಾತ್ರ ಅದಕ್ಕೂ ಮೊದಲು.

ಮುಳ್ಳೇರಿಯದಿಂದ:
ಮಕ್ಕಳ ಬೆನ್ನಿನದ್ದು ನಾನು ಹೇಳ್ತೇನೆ. ವಾರ್ಷಿಕ ತಪಾಸಣೆಯಲ್ಲಿ ಮಗುವನ್ನು ಬಗ್ಗಿಸಿ ನೋಡಿದರೆ ಅದು ಆ ಭೇಟಿಯ ಒಳಗೇ ಬಂತು, ಝಡ್ 13.828 ಬೇರೆ ಬೇಡ. ಸರಿ ಇದ್ದರೆ ಝಡ್ 00.129. ಏನಾದರೂ ಕಂಡರೆ ಝಡ್ 00.121, ಜೊತೆಗೆ ಕಂಡದ್ದರ ಕೋಡ್. ‘ಸ್ಕೋಲಿಯೋಸಿಸ್ ಸಂಶಯ’ (ಬೆನ್ನುಮೂಳೆ ಪಕ್ಕಕ್ಕೆ ಬಾಗಿದ ಸಂಶಯ) ಅಂತ ಎಕ್ಸ್‌ರೇಗೆ ಕಳಿಸಿದರೆ ಆ ರೋಗದ ಕೋಡ್ ಎಂ 41 ಬರೆಯಬೇಡಿ. ಡಾಕ್ಟರು ನಿಲುವು ಸರಿ ಇಲ್ಲ ಅಂತ ಬರೆದಿದ್ದರೆ ಆರ್ 29.3. ಆ ಎಕ್ಸ್‌ರೇ ಇನ್ನು ಸ್ಕ್ರೀನಿಂಗ್ ಅಲ್ಲ. ಇಡೀ ಬೆನ್ನಿಗೆ ಒಂದು ವ್ಯೂ 72081, ಎರಡು ಅಥವಾ ಮೂರು 72082. ರೋಗ ಖಚಿತವಾದ ಮೇಲೆ ಹದಿಹರೆಯದ ಇಡಿಯೋಪಥಿಕ್ (ಕಾರಣ ಗೊತ್ತಿಲ್ಲದ) ಆದರೆ ಎದೆಭಾಗಕ್ಕೆ ಎಂ 41.124, ಸೊಂಟದ ಭಾಗಕ್ಕೆ 41.126.

ಪೆರ್ಲದಿಂದ:
ತುಂಬಾ ಉಪಕಾರ ಆಯ್ತು. ಶಿಶುವಿನ ಸೊಂಟದ ಅಲ್ಟ್ರಾಸೌಂಡ್‌ಗೂ 828 ಅಲ್ವಾ?

ಮುಳ್ಳೇರಿಯದಿಂದ:
ಅಲ್ಲ. ಹುಟ್ಟಿನಿಂದ ಬರುವ ಸೊಂಟದ ಕೀಲು ಜಾರಿಕೆಯ ಸ್ಕ್ರೀನಿಂಗ್ ಐಸಿಡಿಯ ಇಂಡೆಕ್ಸ್‌ನಲ್ಲಿ ಝಡ್ 13.89ಕ್ಕೆ ಹೋಗ್ತದೆ. ‘ಕ್ಲಿಕ್’ ಕೇಳಿಸಿತು ಅಂತ ಬರೆದಿದ್ದರೆ ಆರ್ 29.4. ಡಾಕ್ಟರು ಕಾಲು ಅಲುಗಾಡಿಸಿ ನೋಡುವ ಅಲ್ಟ್ರಾಸೌಂಡಿಗೆ 76885, ಇಲ್ಲದಿದ್ದರೆ 76886.

ಕುಂಬಳೆಯಿಂದ:
ಐಸಿಡಿಯ ಹೊಸ ಪಟ್ಟಿ ಅಕ್ಟೋಬರ್ 1ಕ್ಕೆ, ಹೆಚ್ಚುಕಮ್ಮಿ ನವರಾತ್ರಿ ಹೊತ್ತಿಗೆ, ಜಾರಿಗೆ ಬರ್ತದೆ. ಸಿಪಿಟಿಯದ್ದು ಜನವರಿ 1ಕ್ಕೆ. ನೋಡಬೇಕಾದ್ದು ರೋಗಿ ಬಂದ ದಿನ, ನೀವು ಕೋಡ್ ಮಾಡುವ ದಿನ ಅಲ್ಲ. ಸೆಪ್ಟೆಂಬರ್ ಕೊನೆಯ ಚಾರ್ಟುಗಳು ಅಕ್ಟೋಬರಿನಲ್ಲಿ ಕ್ಯೂಗೆ ಬಂದಾಗ ಹಳೆಯ ಪಟ್ಟಿಯನ್ನೇ ತೆರೆದಿಟ್ಟುಕೊಳ್ಳಿ.