ಗ್ರಾಚ್ಯುಟಿ ತಡವಾಗಿ ಬಂದರೆ ಬಡ್ಡಿ ಕೇಳಬಹುದಾ?

ಪ್ರಶ್ನೆ (ಮಾನ್ವಿ, ರಾಯಚೂರು ಜಿಲ್ಲೆ):
ನಮ್ಮ ಅಪ್ಪ ರಾಜ್ಯ ಸರ್ಕಾರಿ ನೌಕರಿಯಿಂದ ನಿವೃತ್ತರಾಗಿ ಎರಡು ವರ್ಷ ಆಯ್ತು. ಗ್ರಾಚ್ಯುಟಿ (ನಿವೃತ್ತಿಯಾದಾಗ ಕೊಡುವ ಇಡಿಗಂಟು) ಮೊನ್ನೆ ಕೈಸೇರಿತು, ಒಂದು ಪೈಸೆ ಬಡ್ಡಿ ಇಲ್ಲ. ಇಲಾಖಾ ವಿಚಾರಣೆ, ಬಾಕಿ ಏನೂ ಇರಲಿಲ್ಲ. ಸೇವಾ ಪುಸ್ತಕದಲ್ಲಿ ಹಳೇ ಇಂಕ್ರಿಮೆಂಟ್ ಒಂದರ ಪಕ್ಕ ಅಧಿಕಾರಿಯ ಸಹಿ ಬಿಟ್ಟುಹೋಗಿತ್ತಂತೆ. ಅಷ್ಟಕ್ಕೇ ಫೈಲು ವಾಪಸ್. ತಂಗಿ ಮದುವೆಗೆ ಮಾಡಿದ ಸಾಲಕ್ಕೆ ನಾವು ಬಡ್ಡಿ ಕಟ್ಟಿದ್ದೇವೆ. ಸರ್ಕಾರವೂ ಕಟ್ಟಬೇಕಲ್ವಾ?

ಉತ್ತರ:
2025ರ ನವೆಂಬರ್‌ವರೆಗೆ ಜಾರಿಯಲ್ಲಿದ್ದ 1972ರ ಗ್ರಾಚ್ಯುಟಿ ಕಾಯ್ದೆ ಪ್ರಕಾರ 30 ದಿನ ಮೀರಿದರೆ ಬಡ್ಡಿ ಕೊಡಲೇಬೇಕಿತ್ತು. ಅದನ್ನೇ ತೋರಿಸಿ.

ಉತ್ತರ:
ಆ ಕಾಯ್ದೆ ರಾಜ್ಯ ಸರ್ಕಾರಿ ನೌಕರರಿಗೆ ಅನ್ವಯಿಸುತ್ತಿರಲಿಲ್ಲ ಸರ್. ಆದರೂ ಹಕ್ಕು ಗಟ್ಟಿಯಾಗಿದೆ. ಕೇರಳದ ಪದ್ಮನಾಭನ್ ನಾಯರ್ ಪ್ರಕರಣ ಓದಿ. ಅಲ್ಲೂ ಕೊನೆಯ ವೇತನ ಪತ್ರ ಕೊಡದೆ ಕಚೇರಿಯವರೇ ತಡ ಮಾಡಿದ್ದರು. ಪಿಂಚಣಿ, ಗ್ರಾಚ್ಯುಟಿ ಸರ್ಕಾರದ ದಾನವಲ್ಲ, ತಡಕ್ಕೆ ಬಡ್ಡಿ ಕೊಡಿ ಎಂದಿತು ಸುಪ್ರೀಂ ಕೋರ್ಟ್. ನಿಯಮದಲ್ಲಿ ಬಡ್ಡಿ ಮಾತು ಇಲ್ಲದಿದ್ದರೂ ಕೇಳಬಹುದು ಅಂತ 2008ರ ಎಸ್.ಕೆ. ದುವಾ ತೀರ್ಪಿನಲ್ಲಿದೆ.

ಮೊದಲು ಇಲಾಖೆಗೆ ಮನವಿ ಕೊಡಿ. ನಿವೃತ್ತಿ ದಿನ, ಹಣ ಬಂದ ದಿನ, ಫೈಲು ವಾಪಸ್ ಬಂದ ಪತ್ರ ಎಲ್ಲ ಲಗತ್ತಿಸಿ. ಸುಮ್ನೆ ಕೊಟ್ಟು ಬರಬೇಡಿ, ನಕಲಿನ ಮೇಲೆ ಸೀಲು, ತಾರೀಖು ಹಾಕಿಸಿಕೊಳ್ಳಿ. ಆರು ತಿಂಗಳಾದರೂ ಉತ್ತರ ಬರದಿದ್ದರೆ, ಅಲ್ಲಿಂದ ಒಂದು ವರ್ಷದೊಳಗೆ ಕೆಎಟಿ (ಸರ್ಕಾರಿ ನೌಕರರ ಸೇವಾ ವ್ಯಾಜ್ಯ ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿ) ಕಲಬುರಗಿ ಪೀಠಕ್ಕೆ ಅರ್ಜಿ ಹಾಕಿ. ಈ ಗಡುವು ತಪ್ಪಿ ಹಕ್ಕು ಕಳೆದುಕೊಂಡವರು ಜಾಸ್ತಿ, ನೋಡಿದರೆ ಹೊಟ್ಟೆ ಉರಿಯುತ್ತದೆ.

ಪ್ರಶ್ನೆ ಕೇಳಿದವರು:
ತುಂಬಾ ಉಪಕಾರವಾಯ್ತು ಸರ್. ಎಷ್ಟು ಬಡ್ಡಿ ಸಿಗಬಹುದು?

ಉತ್ತರ:
ಒಂದೇ ದರ ಅಂತ ಇಲ್ಲ. 2021ರಲ್ಲಿ ಆಂಧ್ರ ಸರ್ಕಾರ ಸಂಬಳ, ಪಿಂಚಣಿ ತಡ ಮಾಡಿದ ಪ್ರಕರಣದಲ್ಲಿ ಹೈಕೋರ್ಟ್ ಕೊಟ್ಟಿದ್ದ ವಾರ್ಷಿಕ ಶೇ. 12 ಬಡ್ಡಿಯನ್ನು ಸುಪ್ರೀಂ ಕೋರ್ಟ್ ಶೇ. 6ಕ್ಕೆ ಇಳಿಸಿತು.