‘ಕಾಗಜ್ ಕೆ ಫೂಲ್’: ಯಾವ ಪ್ರತಿಯನ್ನು ನೋಡಬೇಕು?

ಪ್ರಶ್ನೆ (ಶಿವಮೊಗ್ಗದಿಂದ)

ಗುರುದತ್ ಅವರ ‘ಕಾಗಜ್ ಕೆ ಫೂಲ್’ (1959) ನನ್ನ ಬಳಿ ಎರಡು ರೂಪದಲ್ಲಿದೆ. ಒಂದು, ಅಕ್ಕ ಅಮೆರಿಕದಿಂದ ತಂದ ಡಿವಿಡಿ. ಇನ್ನೊಂದು, ಹಿಂದೆ ಟಿವಿಯಲ್ಲಿ ಬಂದಾಗ ರೆಕಾರ್ಡ್ ಮಾಡಿಟ್ಟದ್ದು. ಡಿವಿಡಿಯಲ್ಲಿ ಮೇಲೆ ಕೆಳಗೆ ಕಪ್ಪು ಪಟ್ಟಿಗಳಿವೆ. ಟಿವಿ ಪ್ರತಿ ಪರದೆಯನ್ನು ತುಂಬುತ್ತದೆ, ಆದರೆ ಆರು ನಿಮಿಷ ಚಿಕ್ಕದು. ಗಾಯಕಿ ಗೀತಾ ದತ್ ಅವರ ಧ್ವನಿಯೂ ಕೊಂಚ ತೆಳುವಾಗಿದೆ. ಯಾವುದೋ ದೃಶ್ಯ ಕತ್ತರಿಸಿದ್ದಾರೆಯೇ? ಮಗಳಿಗೆ ಮೊದಲ ಬಾರಿ ತೋರಿಸಬೇಕು.

ಉತ್ತರ 1

ಡಿವಿಡಿಯನ್ನೇ ತೋರಿಸಿ. ಇದು ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಎತ್ತರದ ಎರಡು ಪಟ್ಟಿಗೂ ಹೆಚ್ಚು ಅಗಲ. ಹಳೆಯ ಟಿವಿಯ ಚೌಕಕ್ಕೆ ತುಂಬಿಸಬೇಕೆಂದರೆ ಐದರಲ್ಲಿ ಎರಡು ಪಾಲು ಚಿತ್ರ ಹೊರಗೇ ಉಳಿಯುತ್ತದೆ. ‘ವಕ್ತ್ ನೆ ಕಿಯಾ’ ಹಾಡನ್ನು ಎರಡರಲ್ಲೂ ಹಾಕಿ ನೋಡಿ. ಚಿತ್ರದ ಛಾಯಾಗ್ರಾಹಕ, ನಮ್ಮ ಮೈಸೂರಿನ ವಿ.ಕೆ. ಮೂರ್ತಿಯವರು ಕನ್ನಡಿಗಳಿಂದ ಬಿಸಿಲನ್ನು ತಿರುಗಿಸಿ ಸ್ಟುಡಿಯೋದೊಳಗೆ ತಂದ ಬೆಳಕಿನ ಕೋಲು ಅದು. ನಾಯಕ ನಾಯಕಿ ಇಬ್ಬರೂ ದೂರದೂರ ನಿಂತಿದ್ದಾರೆ. ನಡುವಿನ ಕತ್ತಲೆಯೇ ಆ ಹಾಡಿನ ಅರ್ಥ. ಅಂಚು ಕತ್ತರಿಸಿದರೆ ಆ ದೂರವೇ ಇಲ್ಲವಾಗುತ್ತದೆ. ಈ ಕೆಲಸಕ್ಕೆ ಮೂರ್ತಿಯವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. ಅದನ್ನು ಅರೆಬರೆಯಾಗಿ ತೋರಿಸುವುದು ನನಗೆ ಸಹಿಸಲಾಗದ ಸಂಗತಿ.

ಆರು ನಿಮಿಷದ ಬಗ್ಗೆ: ಏನನ್ನೂ ಕತ್ತರಿಸಿರಲಿಕ್ಕಿಲ್ಲ. ಚಿತ್ರ ಸೆಕೆಂಡಿಗೆ 24 ಚೌಕಟ್ಟುಗಳದ್ದು (ಫ್ರೇಮ್). ನಮ್ಮ ಟಿವಿಯ ಪಾಲ್ ಪದ್ಧತಿಯಲ್ಲಿ ಅದನ್ನು 25ರಂತೆ ಓಡಿಸುತ್ತಾರೆ. ಸುಮಾರು ಎರಡೂವರೆ ಗಂಟೆಯ ಚಿತ್ರ ಆರು ನಿಮಿಷ ಬೇಗ ಮುಗಿಯುತ್ತದೆ, ಶ್ರುತಿಯೂ ಏರುತ್ತದೆ. ನಿಮ್ಮ ಕಿವಿ ಸರಿಯಾಗಿಯೇ ಹಿಡಿದಿದೆ.

ಉತ್ತರ 2

ಈಗ ‘4ಕೆ’ (ಡಿವಿಡಿಗಿಂತ ಬಹಳ ಹೆಚ್ಚು ಸೂಕ್ಷ್ಮ ವಿವರದ ಚಿತ್ರ) ಎಂದು ಹೊಳೆಯುವ ಪ್ರತಿಗಳು ಸಿಗುತ್ತವಲ್ಲ, ಅವು ಇನ್ನೂ ಚೆನ್ನಾಗಿರುವುದಿಲ್ಲವೇ?

ಉತ್ತರ 1

ಮೂಲ ನೆಗೆಟಿವ್‌ನಿಂದಲೋ ಒಳ್ಳೆಯ ಪ್ರಿಂಟ್‌ನಿಂದಲೋ ಹೊಸದಾಗಿ ಸ್ಕ್ಯಾನ್ ಮಾಡಿದ್ದರೆ ಖಂಡಿತ ಚೆನ್ನ. ಹಳೆಯ ಡಿವಿಡಿಯನ್ನೇ ತಂತ್ರಾಂಶದಲ್ಲಿ ಹಿಗ್ಗಿಸಿದ್ದರೆ ಬೇಡ. ಫಿಲ್ಮಿನ ಸಣ್ಣ ಕಣಗಳನ್ನು ಕೊಳೆಯೆಂದು ತಿಳಿದು ಒರೆಸಿಬಿಡುತ್ತಾರೆ. ಮುಖಗಳು ಮೇಣದ ಗೊಂಬೆಗಳಾಗುತ್ತವೆ. ನಾಯಕಿ ವಹೀದಾ ರೆಹಮಾನ್ ಅವರ ಕೂದಲ ಎಳೆಗಳು ಬಿಡಿಬಿಡಿಯಾಗಿ ಕಾಣುತ್ತವೆಯೇ ನೋಡಿ. ‘ಮೊಘಲ್-ಎ-ಆಜಮ್’ಗೆ 2004ರಲ್ಲಿ ಬಣ್ಣ ಹಾಕಿದಾಗ ಆಕಾರವನ್ನೂ ಅಗಲಿಸಿ, ಅವಧಿಯನ್ನೂ ತಗ್ಗಿಸಿದರು. ಹೆಚ್ಚಿನ ಭಾಗ ಕಪ್ಪು-ಬಿಳುಪಿನಲ್ಲಿದ್ದ 1960ರ ರೂಪವನ್ನು ಜೋಪಾನ ಮಾಡಿದವರಿಗೆ ನಾನು ಕೃತಜ್ಞ.

ಉತ್ತರ 3

ಟಿವಿ ಪ್ರತಿಯನ್ನೂ ಎಸೆಯಬೇಡಿ. ಡಿವಿಡಿಯಲ್ಲಿ ಎಲ್ಲಾದರೂ ಒಂದು ಮಾತು ಹಾರಿದ್ದರೆ ಅದರಲ್ಲಿ ಇರಬಹುದು. ಡಿವಿಡಿ ಹಾಳಾಗುವ ಮುನ್ನ, ಕುಗ್ಗಿಸದೆ, ಹಾಗೆಯೇ ಪೂರ್ತಿ ಹಾರ್ಡ್ ಡಿಸ್ಕ್‌ಗೆ ಇಳಿಸಿಕೊಳ್ಳಿ; ಹಂಚಲು ಅಲ್ಲ, ಉಳಿಸಿಕೊಳ್ಳಲು. ಪುಣೆಯಲ್ಲಿ 1964ರಿಂದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವಿದೆ. ಅಲ್ಲಿಯೂ 2003ರ ಬೆಂಕಿಯಲ್ಲಿ ಬೇಗ ಹೊತ್ತಿಕೊಳ್ಳುವ ಹಳೆಯ ನೈಟ್ರೇಟ್ ರೀಲುಗಳು ಸುಟ್ಟುಹೋದವು. ಭಾರತದ ಮೊದಲ ಮಾತಿನ ಚಿತ್ರ ‘ಆಲಂ ಆರಾ’ದ (1931) ಒಂದು ಪ್ರಿಂಟ್ ಕೂಡ ಎಲ್ಲಿಯೂ ಸಿಕ್ಕಿಲ್ಲ.

ಪ್ರಶ್ನೆ ಕೇಳಿದವರು

ಎಲ್ಲರಿಗೂ ಧನ್ಯವಾದ. ಹಾಡನ್ನು ಎರಡರಲ್ಲೂ ನೋಡಿದೆ. ಟಿವಿ ಪ್ರತಿಯಲ್ಲಿ ಒಮ್ಮೆಗೆ ಒಬ್ಬರಷ್ಟೇ ಕಾಣುತ್ತಾರೆ. ಡಿವಿಡಿ ಹೊಸ ಟಿವಿಯಲ್ಲಿ ಹಾಕಿದಾಗ ಎಲ್ಲರೂ ಉದ್ದಕ್ಕೆ ಎಳೆದಂತೆ ತೆಳ್ಳಗೆ ಕಾಣುತ್ತಿದ್ದಾರೆ. ಇದು ಡಿಸ್ಕಿನ ದೋಷವೋ, ಟಿವಿಯ ಆಕಾರದ ಸೆಟ್ಟಿಂಗ್ ಬದಲಿಸಿದರೆ ಸಾಕೋ?