ಛಾಯಾಗ್ರಾಹಕನಾಗಿ, ಮುಂದೆ ಪಾಠವನ್ನೂ ಮಾಡಬೇಕೆಂದರೆ: ಇನ್‌ಸ್ಟಿಟ್ಯೂಟೋ, ಸೆಟ್ಟೋ?

ಮಬ್ಬುಬೆಳಕು:
ಈ ವರ್ಷ ಬಿ.ಎಸ್ಸಿ. ಮುಗಿಯುತ್ತೆ. ಸಿನಿಮಾ ಛಾಯಾಗ್ರಹಣಕ್ಕೆ ಬರಬೇಕು, ಆಮೇಲೆ ಎಲ್ಲಾದರೂ ಪಾಠ ಹೇಳಬೇಕು ಅಂತ ಆಸೆ. ಕೋರ್ಸ್ ಸೇರಲಾ, ನೇರ ಅಸಿಸ್ಟೆಂಟ್ ಆಗಲಾ? ಕಲಿಸೋಕೆ ಪಿಎಚ್.ಡಿ. ಬೇಕೇ ಬೇಕಾ? ಇನ್ನೊಂದು, ಕೆಂಪು-ಹಸಿರು ನನಗೆ ಸ್ವಲ್ಪ ಗೊಂದಲ. ಅದು ಅಡ್ಡಿ ಆಗುತ್ತಾ?

ಟೇಪು_ಹಿಡಿದವ:
ಎರಡೂ ಬೇಕು. ಕೋರ್ಸ್ ಮುಗಿದ ಮಾತ್ರಕ್ಕೆ ಯಾರೂ ಕೈಗೆ ಸಿನಿಮಾ ಕೊಡಲ್ಲ. ಮೈಸೂರಿನ ವಿ.ಕೆ. ಮೂರ್ತಿಯವರನ್ನೇ ನೋಡಿ. ಬೆಂಗಳೂರಿನ ಎಸ್‌ಜೆ ಪಾಲಿಟೆಕ್ನಿಕ್‌ನಲ್ಲಿ 1946ರಲ್ಲಿ ಡಿಪ್ಲೊಮಾ ಮುಗಿಸಿದರು, ಸ್ವತಂತ್ರ ಛಾಯಾಗ್ರಾಹಕರಾಗಿ ‘ಜಾಲ್’ ಬಂದದ್ದು 1952ರಲ್ಲಿ. ನಡುವಿನದ್ದು ಅಸಿಸ್ಟೆಂಟ್ ಕಾಲ. ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕರ ಕಥೆಯೇ ಇದು.

ಪದವಿ ಇರುವುದರಿಂದ ಪುಣೆಯ ಎಫ್‌ಟಿಐಐ, ಕೋಲ್ಕತ್ತಾದ ಎಸ್‌ಆರ್‌ಎಫ್‌ಟಿಐ ಎಂಬ ಎರಡು ಸಿನಿಮಾ ಸಂಸ್ಥೆಗಳಿಗೂ ಪ್ರವೇಶ ಪರೀಕ್ಷೆ ಬರೆಯಿರಿ. ಹತ್ತಿರದಲ್ಲೇ ಬೇಕಾದರೆ ಹೆಸರಘಟ್ಟದ ಸರ್ಕಾರಿ ಸಂಸ್ಥೆ ಇದೆ. ಸೆಟ್ಟಿನಲ್ಲಿ ಮೊದಲು ಬ್ಯಾಟರಿ, ಮೆಮೊರಿ ಕಾರ್ಡು, ಕ್ಲ್ಯಾಪು, ಆಮೇಲೆ ಫೋಕಸ್, ಆಮೇಲೆ ಅಸೋಸಿಯೇಟ್. ಕಾರ್ಡಿನ ಡೇಟಾ ಎರಡು ಬೇರೆ ಡ್ರೈವಿಗೆ ಹೋಗಿ, ಚೆಕ್‌ಸಮ್ (ನಕಲು ಮೂಲದಂತೆಯೇ ಇದೆಯೇ ಎಂದು ನೋಡುವ ಸಂಖ್ಯೆ) ತಾಳೆಯಾಗುವವರೆಗೆ ಫಾರ್ಮ್ಯಾಟ್ ಮಾಡಬೇಡಿ. ಹೊಸಬರ ಕೆಲಸ ಹೋಗುವುದು ಹೆಚ್ಚಾಗಿ ಇಲ್ಲೇ, ಲೈಟಿಂಗ್ ಬರಲ್ಲ ಅಂತಲ್ಲ.

ಗ್ರೇಕಾರ್ಡ್:
ಬಣ್ಣದ ವಿಷಯ: ವರ್ಣಾಂಧತೆ ಇದೆ ಅಂತ ಯಾವ ಕೋರ್ಸಿಗೂ ಸೇರಿಸದೆ ಇರಬಾರದು ಎಂದು 2022ರಲ್ಲಿ ಸುಪ್ರೀಂ ಕೋರ್ಟ್ ಪುಣೆ ಸಂಸ್ಥೆಗೆ ಹೇಳಿದೆ. ಸೀಟಿಗೆ ಅಡ್ಡಿಯಿಲ್ಲ, ಕೆಲಸಕ್ಕೆ ಮಾತ್ರ ಜಾಗ್ರತೆ. ಅಗ್ಗದ ಎಲ್‌ಇಡಿಗೆ ಹಸಿರು ಛಾಯೆ ಇರುತ್ತೆ, ನಿಮ್ಮ ಕಣ್ಣು ಜಾರುವುದೂ ಅಲ್ಲೇ. ಕಲರ್ ಮೀಟರ್ ಇಟ್ಟುಕೊಳ್ಳಿ, ಚರ್ಮದ ಬಣ್ಣವನ್ನು ವೆಕ್ಟರ್‌ಸ್ಕೋಪಿನಲ್ಲಿ (ಬಣ್ಣವನ್ನು ನಕ್ಷೆಯಾಗಿ ತೋರಿಸುವ ಸಾಧನ) ನೋಡಿ.

ಪಿಎಚ್.ಡಿ. ಕಡ್ಡಾಯ ಅಲ್ಲದ ದಾರಿಯೂ ಇದೆ. ಯುಜಿಸಿ 2022ರಲ್ಲಿ ತಂದ ‘ಪ್ರೊಫೆಸರ್ ಆಫ್ ಪ್ರಾಕ್ಟೀಸ್’ ಹುದ್ದೆಗೆ ಕನಿಷ್ಠ 15 ವರ್ಷದ ವೃತ್ತಿ ಅನುಭವ ಸಾಕು. ಆದರೆ ಅದು ಹೆಚ್ಚೆಂದರೆ 3 ವರ್ಷ, ವಿಶೇಷ ಸಂದರ್ಭದಲ್ಲಿ ಇನ್ನೊಂದು. ನಿವೃತ್ತಿವರೆಗಿನ ನೌಕರಿ ಅಂದುಕೊಳ್ಳಬೇಡಿ.

ಲೈಟ್‌ಮೀಟರ್:
ಡೆಮೊ ಪಾಠಕ್ಕೆ ಕರೆದರೆ ಶೋರೀಲ್ ತೋರಿಸಿ ಕೂರಬೇಡಿ. ಒಂದು ಸಣ್ಣ ಲ್ಯಾಂಪು, ಒಂದು ಮುಖ, ಒಂದು ಗೋಡೆ ಸಾಕು. ಲ್ಯಾಂಪು ಮುಖದಿಂದ 1 ಮೀಟರ್‌ನಲ್ಲಿದ್ದಾಗ ಮೀಟರು ಎಫ್ 8 ತೋರಿಸಿತು ಅನ್ನಿ (ಎಫ್ ಅಂದರೆ ಲೆನ್ಸಿನ ಕಿಂಡಿಯ ಅಳತೆ, ಸಂಖ್ಯೆ ಚಿಕ್ಕದಾದಷ್ಟೂ ಕಿಂಡಿ ದೊಡ್ಡದು). 2 ಮೀಟರ್‌ಗೆ ಸರಿಸಿದರೆ ಎಫ್ 4. ದೂರ ದುಪ್ಪಟ್ಟು, ಬೆಳಕು ಕಾಲು ಭಾಗ, ಅಂದರೆ 2 ಸ್ಟಾಪ್ (ಒಂದು ಸ್ಟಾಪ್ ಇಳಿದರೆ ಬೆಳಕು ಅರ್ಧ). ಇದು ಪುಸ್ತಕದಲ್ಲೂ ಇದೆ. ಮಜಾ ಇರೋದು ಗೋಡೆಯಲ್ಲಿ. ಗೋಡೆ ಮುಖದ ಹಿಂದೆ 2 ಮೀಟರ್‌ನಲ್ಲಿದೆ ಎಂದಿಟ್ಟುಕೊಳ್ಳಿ. ಲ್ಯಾಂಪು 1 ಮೀಟರ್‌ನಲ್ಲಿದ್ದರೆ ಗೋಡೆಗೆ ಬೀಳುವುದು ಮುಖದ ಬೆಳಕಿನ 9ರಲ್ಲಿ 1 ಭಾಗ. 3 ಸ್ಟಾಪಿಗಿಂತ ಹೆಚ್ಚು ಕತ್ತಲು. ಅದೇ ಲ್ಯಾಂಪನ್ನು ಮುಖದಿಂದ 4 ಮೀಟರ್ ದೂರಕ್ಕೆ ಒಯ್ದು ಮುಖಕ್ಕೆ ಎಕ್ಸ್‌ಪೋಷರ್ ಸರಿಮಾಡಿ: ವ್ಯತ್ಯಾಸ ಬರೀ 1 ಸ್ಟಾಪ್ ಚಿಲ್ಲರೆ. ಲ್ಯಾಂಪು ಒಂದೇ ಇದ್ದರೂ ರಾತ್ರಿಯ ಕೋಣೆ ಹಗಲಿನದಾಯಿತು!

ಟೇಪು_ಹಿಡಿದವ:
ಒಂದು ತಿದ್ದುಪಡಿ. ಈ ಲೆಕ್ಕ ಸಣ್ಣ ಲ್ಯಾಂಪಿಗೆ ಸರಿ. 4 ಅಡಿ ಥರ್ಮೋಕೋಲ್ ಬೌನ್ಸ್ (ಬೆಳಕನ್ನು ತಿರುಗಿಸುವ ಬಿಳಿ ಹಲಗೆ) ಇಟ್ಟು 1 ಮೀಟರ್‌ನಲ್ಲಿ ಅಳೆದರೆ ತಾಳೆಯಾಗಲ್ಲ, ಬೆಳಕು ಅಷ್ಟು ಬೇಗ ಇಳಿಯಲ್ಲ. ಮೂಲದ ಅಗಲದ ಸುಮಾರು 5 ಪಟ್ಟು ದೂರ ಹೋದ ಮೇಲೆ ಲೆಕ್ಕ ಕೂಡುತ್ತೆ. ವಿದ್ಯಾರ್ಥಿಗಳು ಹಿಡಿಯುವುದೇ ಇಂಥ ತಪ್ಪನ್ನು.

ಡೆಮೊ ಕೋಣೆಯಲ್ಲಿ ಟ್ಯೂಬ್‌ಲೈಟ್ ಇದ್ದರೆ ಶಟರ್ ಕೋನವನ್ನು (ಪ್ರತಿ ಫ್ರೇಮಿಗೆ ಬೆಳಕು ಬೀಳುವ ಅವಧಿಯ ಅಳತೆ, 360 ಡಿಗ್ರಿ ಅಂದರೆ ಫ್ರೇಮಿನ ಪೂರ್ತಿ ಸಮಯ) 172.8 ಡಿಗ್ರಿಗೆ ಇಡಿ. ನಮ್ಮ ಕರೆಂಟು 50 ಹರ್ಟ್ಸ್, ಬೆಳಕು ಸೆಕೆಂಡಿಗೆ 100 ಸಲ ಮಿಡಿಯುತ್ತೆ. ಸೆಕೆಂಡಿಗೆ 24 ಫ್ರೇಮಿನಲ್ಲಿ 172.8 ಅಂದರೆ ಸರಿಯಾಗಿ 1/50 ಸೆಕೆಂಡು, ಪ್ರತಿ ಫ್ರೇಮಿಗೂ ಎರಡು ಮಿಡಿತ. 180 ಇಟ್ಟರೆ 1/48, ಫ್ರೇಮಿಂದ ಫ್ರೇಮಿಗೆ ಬೆಳಕು ಏರಿಳಿದು ಪರದೆ ನಡುಗುತ್ತೆ.

ಮಬ್ಬುಬೆಳಕು:
ಧನ್ಯವಾದ. ಅಸಿಸ್ಟೆಂಟ್ ಆಗಿರುವಾಗಲೇ ಪಾಠಕ್ಕೆ ಏನು ಕೂಡಿಡಬೇಕು?

ಲೈಟ್‌ಮೀಟರ್:
ಪ್ರತಿ ಶಾಟಿಗೆ ಲೆನ್ಸ್, ಸ್ಟಾಪ್, ಐಎಸ್‌ಒ, ಫಿಲ್ಟರ್, ಕೀ-ಫಿಲ್ ಅನುಪಾತ (ಮುಖ್ಯ ಬೆಳಕಿಗೂ ನೆರಳು ತುಂಬುವ ಬೆಳಕಿಗೂ ಇರುವ ಪ್ರಮಾಣ), ಲೈಟು ಇಟ್ಟ ಜಾಗದ ಒಂದು ನಕ್ಷೆ. ಕೆಟ್ಟ ಶಾಟಿನದ್ದನ್ನೂ ಬರೆದಿಡಿ, ಪಾಠಕ್ಕೆ ಬರೋದು ಅದೇ. ಫೋಟೊ ತೆಗೆಯೋ ಮುಂಚೆ ಛಾಯಾಗ್ರಾಹಕರನ್ನ ಕೇಳಿ. ಸಿನಿಮಾ ಬಿಡುಗಡೆಗೆ ಮೊದಲು ಸೆಟ್ಟಿನ ಚಿತ್ರ ಹೊರಗೆ ಹೋದರೆ ಮತ್ತೆ ಯಾರೂ ಕರೆಯಲ್ಲ.